ಕೆಂಚು ಕೂದಲು

ಅಂಬಾಳ ಅತ್ತೆ ಗೋದಾಬಾಯಿ ಅಂದದ್ದು ಒಂದೇ ಒಂದು ಮಾತು. ಬೈದಿರಲಿಲ್ಲ, ಕೂಗಾಡಿರಲಿಲ್ಲ, ಯಾರ ಹೆಸರನ್ನೂ ಎತ್ತಿರಲಿಲ್ಲ. ಜೇಜುರಿಯ ಗುಡ್ಡದ ಕೆಳಗೆ, ಮೊಮ್ಮಗಳು ಹರ್ಷದಾಳ ಹುಟ್ಟುಗೂದಲಿನ ಜವಳ ತೆಗೆಸಲು ನೆಂಟರಿಷ್ಟರೆಲ್ಲ ಸೇರಿದ್ದಾಗ, ಕೂಸಿನ ಕುಂಚಿಗೆ ಸರಿಸಿ, ಕೆಂಚು ಕೂದಲನ್ನು ಎರಡು ಬೆರಳಲ್ಲಿ ಹಿಡಿದೆತ್ತಿ, "ನಮ್ಮ ಮನಿತನದಾಗ ಇಂಥಾ ಕೂದಲ ಯಾರಿಗೂ ಇಲ್ಲ ನೋಡ್ರಿ" ಅಂದಿದ್ದರು. ಅಷ್ಟೇ. ಆಮೇಲೆ ಹಣೆಗೆ ಭಂಡಾರ ಹಚ್ಚಿಕೊಂಡು, ಹೂವಿನ ಬುಟ್ಟಿ ಎತ್ತಿಕೊಂಡು, ಏನೂ ಆಗದವರಂತೆ ಖಂಡೋಬಾನ ಮೆಟ್ಟಿಲು ಹತ್ತಿದ್ದರು.

ಕೇಳಿದವರು ಸುಮ್ಮನಿರುತ್ತಾರೆಯೇ? ಆಗ ಅವರ ಮನೆ ಪುಣೆಯ ಖಡಕಿಯ ಮಿಲಿಟರಿ ಕ್ವಾರ್ಟರ್ಸಿನಲ್ಲಿತ್ತು, ಮಾವನಿಗೆ ಅಲ್ಲಿನ ಮದ್ದುಗುಂಡಿನ ಕಾರ್ಖಾನೆಯಲ್ಲಿ ಕೆಲಸ. ಹಿಂದಿನ ಸಾಲಿನಲ್ಲಿ ಗುಡ್ಡಗಾಡಿನ ಕಡೆಯ ಸುಬೇದಾರನೊಬ್ಬನಿದ್ದ. ತಿಳಿಗಣ್ಣು, ಕೆಂಚು ಮೀಸೆ. ಅಂಬಾಗೆ ಹೆರಿಗೆ ನೋವು ಬಂದ ದಿನ ಗಂಡ ಮಧುಕರ ಕೆಲಸದ ಮೇಲೆ ಶಿರೂರಿಗೆ ಹೋಗಿದ್ದ. ಅವಳನ್ನು ಜೀಪಿನಲ್ಲಿ ಆಸ್ಪತ್ರೆಗೆ ಸೇರಿಸಿದವನು ಆ ಸುಬೇದಾರ. ಅವನ ಹೆಂಡತಿಯೂ ಜತೆಗಿದ್ದಳು, ದಾರಿಯುದ್ದಕ್ಕೂ ಅಂಬಾಳ ಕೈ ಹಿಡಿದುಕೊಂಡಿದ್ದವಳು ಅವಳೇ. ಹೆಂಡತಿ ಇದ್ದದ್ದನ್ನು ಎಲ್ಲರೂ ಮರೆತರು, ಮೀಸೆಯ ಬಣ್ಣವನ್ನು ಮಾತ್ರ ಚೆನ್ನಾಗಿ ನೆನಪಿಟ್ಟುಕೊಂಡರು.

ಮಧುಕರ ಅವಳನ್ನು ಏನೂ ಕೇಳಲಿಲ್ಲ. ಕೇಳಿದ್ದರೆ ಅಂಬಾ ಉತ್ತರ ಕೊಡುತ್ತಿದ್ದಳು, ಜಗಳವಾಡುತ್ತಿದ್ದಳು, ದೀಪ ಮುಟ್ಟಿ ಆಣೆ ಮಾಡುತ್ತಿದ್ದಳು. ಆ ಪುಣ್ಯಾತ್ಮ ತುಟಿ ಪಿಟಕ್ಕೆನ್ನಲಿಲ್ಲ. ತನ್ನ ಹಾಸಿಗೆಯನ್ನು ನಡುಮನೆಗೆ ಹಾಕಿಕೊಂಡ. ಮಗಳನ್ನು ಎತ್ತಿಕೊಳ್ಳುವುದನ್ನು ಬಿಟ್ಟ. ಹರ್ಷದಾ ತೆವಳಿಕೊಂಡು ಬಂದು ಅವನ ಪ್ಯಾಂಟು ಹಿಡಿದು ನಿಂತರೆ, ಅಂಟಿಕೊಂಡ ದಾರವನ್ನು ಬಿಡಿಸುವಂತೆ ಮೆಲ್ಲಗೆ ಬಿಡಿಸಿ ಆಚೆ ಹೋಗುತ್ತಿದ್ದ. ಹೊಡೆಯುವ ಗಂಡಸಾಗಿದ್ದರೆ ನಾಲ್ಕು ಜನಕ್ಕೆ ಹೇಳಿಕೊಂಡು ಅಳಬಹುದಿತ್ತು. ಒಳ್ಳೆಯವನೆನ್ನಿಸಿಕೊಂಡ ಗಂಡನ ಮೇಲೆ ಯಾರ ಹತ್ತಿರ ದೂರು ಹೇಳುವುದು? ಹರ್ಷದಾಳಿಗೆ ತಮ್ಮನೂ ಬರಲಿಲ್ಲ, ತಂಗಿಯೂ ಬರಲಿಲ್ಲ.

ಜವಳದ ನಂತರವೂ ಕೆಂಚಾಗಿಯೇ ಬೆಳೆದಿದ್ದ ಕೂದಲು ಹುಡುಗಿ ದೊಡ್ಡವಳಾಗುವ ವಯಸ್ಸಿಗೆ ತನ್ನಷ್ಟಕ್ಕೆ ಬಣ್ಣ ಬದಲಿಸಿತು. ಮೊದಲು ಬುಡ ಕಪ್ಪಾಯಿತು, ಕೆಂಚು ಬಣ್ಣ ತುದಿಯಲ್ಲಷ್ಟೇ ಉಳಿಯಿತು, ತುದಿ ಕತ್ತರಿಸಿದ ಮೇಲೆ ಅದೂ ಹೋಯಿತು. ಗೋದಾಬಾಯಿ ಆಗಲೂ ಬಾಯಿ ಮುಚ್ಚಿಕೊಂಡಿರಲಿಲ್ಲ. "ನನ್ನ ಎಣ್ಣಿ ನೋಡ್ರಿ! ಗರಗದ ಸೊಪ್ಪು, ದಾಸವಾಳ, ನೆಲ್ಲಿ. ಹಚ್ಚಿ ಹಚ್ಚಿ ಕೂಸಿನ ತಲಿ ಕಪ್ಪ ಮಾಡೀನಿ" ಅಂತ ಖಡಕಿಯ ತುಂಬ ಸಾರಿದರು. ಮನೆಮನೆಯ ಹೆಂಗಸರು ಬಾಟಲಿ ಹಿಡಿದು ಬಂದು ಎಣ್ಣೆ ಒಯ್ದರು. ಅತ್ತೆಯ ಕೈಗುಣ ಊರ ಮಾತಾಯಿತು.

ಮಧುಕರನೂ ಬದಲಾದ. ಒಂದು ಬೆಳಿಗ್ಗೆ ಸ್ಕೂಟರ್ ಹೊರಗೆ ತಂದು, "ಹರ್ಷೂ, ಬಾ, ಸಾಲಿಗೆ ಬಿಡ್ತೀನಿ" ಅಂದ. ಹುಡುಗಿ ಕುಣಿಯುತ್ತ ಹೋಗಿ ಹಿಂದೆ ಕೂತಳು. ಅಂಬಾ ಬಾಗಿಲಲ್ಲಿ ನಿಂತು ನೋಡಿದಳು.  ಕೂದಲು ಕಪ್ಪಾದ ಮೇಲೆ ಮಗಳು ಮಗಳಾದಳು! ತಪ್ಪಿಲ್ಲವೆಂದು ತೀರ್ಪಾದದ್ದು ಕೂದಲಿಗೆ, ಅಂಬಾಗಲ್ಲ. ಅವಳ ಹತ್ತಿರ ಯಾರೂ ಬಂದು ತಪ್ಪಾಯಿತು ಅನ್ನಲಿಲ್ಲ. ಆ ದಿನದಿಂದ ಅವಳಿಗೆ ಬೇಕಿದ್ದದ್ದು ಒಂದೇ: ಅದೇ ಬಾಯಿ ಆ ಮಾತನ್ನು, ಅಂಥದೇ ನೆರೆದ ಜನರ ಎದುರು, ವಾಪಸು ನುಂಗಬೇಕು. ಮಧುಕರ ಅದನ್ನು ನಿಂತು ನೋಡಬೇಕು. ದಾರಿ ಮಾತ್ರ ಕಾಣುತ್ತಿರಲಿಲ್ಲ.

ದಾರಿ ತೋರಿಸಿದ್ದು ಹರ್ಷದಾಳ ಮಗ. ಶಿರೂರಿನ ಕಡೆಯ ಓಂಕಾರ್ ಎಂಬ ಮರಾಠಿ ಹುಡುಗನನ್ನು ಮೆಚ್ಚಿ ಮದುವೆಯಾಗಿದ್ದಳು ಹರ್ಷದಾ. ಗಂಡು ಕೂಸು ಹುಟ್ಟಿ ತಲೆ ತುಂಬ ಕೂದಲು ಬಂತು, ಬಂದದ್ದು ಅದೇ ಕೆಂಚು ಬಣ್ಣ. ಬಿಸಿಲಿಗೆ ಹಿಡಿದರೆ ಬೆಲ್ಲದ ಪಾಕದ ಹಾಗೆ ಹೊಳೆಯುತ್ತಿತ್ತು.  ಲಸಿಕೆ ಹಾಕಿಸಲು ಮಗಳ ಜತೆ ಹೋದಾಗ ಅಂಬಾ ಮಕ್ಕಳ ಡಾಕ್ಟರನ್ನು ಕೇಳಿಯೇಬಿಟ್ಟಳು. ರಕ್ಷಿತ ಅಂತ, ಮೈಸೂರಿನ ಕಡೆಯ ಹುಡುಗ.

"ಆಂಟಿ, ಇದಕ್ಕೆಲ್ಲಾ ಟೆನ್ಷನ್ ಮಾಡ್ಕೋಬೇಡಿ" ಅಂದ ಅವನು ನಗುತ್ತ. "ಕೂದಲ ಬುಡದಲ್ಲಿ ಬಣ್ಣ ತುಂಬೋ ಸೆಲ್ಸ್ ಇರ್ತವೆ. ಕೂದಲು ಬೆಳೀತಾ ಬೆಳೀತಾ ಅವು ಬಣ್ಣ ತುಂಬಿ ಕಳಿಸ್ತವೆ. ಕೆಲವು ಮಕ್ಕಳಲ್ಲಿ ಅವು ಇನ್ನೂ ಪೂರ್ತಿ ಕೆಲಸ ಶುರು ಮಾಡಿರಲ್ಲ, ಅದಕ್ಕೇ ಕಂದು. ಹದಿವಯಸ್ಸಲ್ಲಿ ಹಾರ್ಮೋನ್ಸ್ ಜಾಸ್ತಿಯಾದಾಗ ಬಣ್ಣಾನೂ ಜಾಸ್ತಿ, ಕಪ್ಪಾಗುತ್ತೆ. ವಯಸ್ಸಾದ್ಮೇಲೆ ಆ ಸೆಲ್ಸ್ ಒಂದೊಂದೇ ಕೈ ಕೊಡ್ತವೆ. ಆಗ ಬರೋ ಕೂದಲು ಬಿಳಿ."

"ಎಣ್ಣಿ ಹಚ್ಚಿದ್ರ ಕಪ್ಪ ಆಗ್ತದೇನ್ರಿ?"

"ಹೊಳಪು ಬರುತ್ತೆ. ಬುಡದೊಳಗೆ ಹೋಗಿ ಎಣ್ಣೆ ಬಣ್ಣ ಮಾಡಲ್ಲ."

"ಮತ್ತ ಈ ಕೆಂಚು ಬಣ್ಣ ಎಲ್ಲಿಂದ ಬಂತ್ರಿ? ಸಣ್ಣಾಕಿದ್ದಾಗ ಈ ಮಗಳಿಗಿತ್ತು, ನಮ್ಮಲ್ಲೆ ಮತ್ಯಾರಿಗೂ ಇಲ್ಲ."

"ಫ್ಯಾಮಿಲಿಲಿ ಯಾರಿಗಾದ್ರೂ ಇದ್ದೇ ಇರುತ್ತೆ ಆಂಟಿ. ಚಿಕ್ಕೋರಿದ್ದಾಗ ಇದ್ದು ಆಮೇಲೆ ಕಪ್ಪಾಗಿರುತ್ತೆ, ಆಮೇಲೆ ಬೆಳ್ಳಗೂ ಆಗಿರುತ್ತೆ. ಅವರ ಬಾಲ್ಯ ನೋಡಿದವರು ಯಾರೂ ಉಳಿದಿರಲ್ಲ, ಅಷ್ಟೇ."

ಬೇರೆ ಯಾರಾದರೂ ಆಗಿದ್ದರೆ ಸಮಾಧಾನಪಟ್ಟುಕೊಂಡು ಮನೆಗೆ ಬರುತ್ತಿದ್ದರು. ಅಂಬಾ ಹಲ್ಲು ಕಡಿದುಕೊಂಡು ಬಂದಳು. ಇಷ್ಟೇ ಇಷ್ಟು! ಒಬ್ಬ ಡಾಕ್ಟರನನ್ನು ಕೇಳಿದ್ದರೆ ಮುಗಿಯುತ್ತಿದ್ದ ಸಂಗತಿ. ಆಟೋದಲ್ಲಿ ಕೂತು ತನ್ನ ತವರಿನವರ ತಲೆಗಳನ್ನೆಲ್ಲ ನೆನೆದಳು. ಬೆಳಗಾವಿಯ ಅವಳ ಅವ್ವ, ಅಪ್ಪ, ಚಿಗವ್ವಂದಿರು, ಅವರ ಮಕ್ಕಳು, ಎಲ್ಲರೂ ಹುಟ್ಟಾ ಕಾಡಿಗೆ ಕಪ್ಪು. ಎಲ್ಲರ ಎಳೆತನವನ್ನು ಕಂಡವರು ಅಲ್ಲಿ ಇನ್ನೂ ಇದ್ದರು. ಹಾಗಾದರೆ ಇದು ಈ ಮನೆಯದು. ಈ ಮನೆಯಲ್ಲಿ ಯಾರದು?

ಉತ್ತರ ತಾನಾಗಿಯೇ ಪುಣೆಗೆ ಬಂತು. ಗೋದಾಬಾಯಿಯ ಅಣ್ಣ ಕೃಷ್ಣಾಜಿ ಅಥಣಿಯಿಂದ ಕಣ್ಣಿನ ಪೊರೆ ತೆಗೆಸಿಕೊಳ್ಳಲು ಬಂದು ಕೋಥರೂಡಿನ ಮೊಮ್ಮಗನ ಮನೆಯಲ್ಲಿಳಿದಿದ್ದರು. ಮೊಣಕಾಲು ನೋವೆಂದು ಗೋದಾಬಾಯಿ ಹೋಗಲಿಲ್ಲ, ಶೇಂಗಾ ಹೋಳಿಗೆ ಕಟ್ಟಿಕೊಂಡು ಅಂಬಾ ಹೋದಳು. ಹೊಸ ಕಣ್ಣು ಬಂದ ಮುದುಕನಿಗೆ ಕಂಡದ್ದೆಲ್ಲ ಸಂಭ್ರಮ. ಅಂಬಾ ಫೋನಿನಲ್ಲಿ ಮೊಮ್ಮಗನ ಫೋಟೊ ತೋರಿಸಿದಳು. ಕೃಷ್ಣಾಜಿ ಫೋನನ್ನು ಮೂಗಿನ ಹತ್ತಿರ ಹಿಡಿದು, ತೊಡೆ ತಟ್ಟಿ ನಕ್ಕರು.

"ಅಯ್ಯ ಇವನ! ನಮ್ಮ ಕೆಂಚಿನ ಮತ್ತ ಹುಟ್ಟಿ ಬಂದಾಳಲ್ಲೋ!"

"ಯಾವ ಕೆಂಚಿರಿ, ಮಾಮಾ?"

"ನಿಮ್ಮ ಅತ್ತಿನ ಅಲ್ಲೇನವಾ. ಊರಾಗ ಆಕಿಗೆ ಯಾರು ಹೆಸರು ಹಿಡದು ಕರೀತಿದ್ರು? ಕೆಂಚಿ, ಕೆಂಚಿ. ಗೋವಿನಜ್ವಾಳದ ತೆನಿ ಜುಟ್ಟಿನಂಗ ಕೆಂಪನ ಕೂದಲ."

ಅಂಬಾ ಚಹಾದ ಕಪ್ಪು ಕೆಳಗಿಟ್ಟಳು. ಅವರಲ್ಲಿ ಮದುವೆಯ ದಿನ ಗಂಡು ಅಕ್ಕಿಯ ತಟ್ಟೆಯಲ್ಲಿ ಉಂಗುರದಿಂದ ಹೆಣ್ಣಿನ ಹೊಸ ಹೆಸರು ಬರೆಯುವುದು ಪದ್ಧತಿ. ಅಂದಿನಿಂದ ತವರಿನ ಹೆಸರು ಮುಗಿಯಿತು. ಅಂಬಾಳೂ ಹುಟ್ಟಿದಾಗಿನಿಂದ ಅಂಬಾ ಅಲ್ಲ. ಅತ್ತೆ ಈ ಮನೆಗೆ ಬರುವಾಗ ಗೋದಾ ಆಗಿ ಬಂದಿದ್ದರು, ಕಪ್ಪು ಜಡೆ ಹೆಣೆದುಕೊಂಡು ಬಂದಿದ್ದರು. ಕೆಂಚಿಯನ್ನು ಈ ಮನೆಯಲ್ಲಿ ಯಾರೂ ಕಂಡೇ ಇರಲಿಲ್ಲ.

"ಅವರಿಗೂ ಇದು ನೆನಪದೇನ್ರಿ ಮಾಮಾ?" ಅಂತ ಕೇಳಿದಳು. 

"ನೆನಪಿರಲಾರದ ಏನು! ನಮ್ಮವ್ವ ಹರಳೆಣ್ಣ್ಯಾಗ ಮಸಿ ಕಲಸಿ ಆಕಿ ತಲಿಗೆ ತಿಕ್ಕತಿದ್ಲು. ಅತ್ತು ರಂಪ ಮಾಡತಿದ್ಲು ಆಕಿ. ಹದಿನಾಲ್ಕಕ್ಕ ತಾನ ಕಪ್ಪ ಆತು, ಆಮ್ಯಾಲ ಕನ್ಯಾ ತೋರಿಸಿದ್ರು. ಗಂಡಿನ ಕಡಿಯವರ ಮುಂದ ಕೆಂಚಿ ಅಂತ ಕರೀಬಾರದು ಅಂತ ಅವ್ವ ನನ್ನ ಕಡಿಂದ ಆಣಿ ಹಾಕ್ಸಿದ್ಲು ನೋಡು." ಮುದುಕ ನಾಲಿಗೆ ಕಚ್ಚಿಕೊಂಡು ಮತ್ತೆ ನಕ್ಕರು. "ಈಗೇನ, ಆಣಿ ಹಾಕಿಸಿದಾಕೀನ ಇಲ್ಲ."

ಗೊತ್ತಿತ್ತು. ಅತ್ತೆಗೆ ಎಲ್ಲ ಗೊತ್ತಿತ್ತು. ಕೂಸಿನ ಕೂದಲು ಯಾರದೆಂದೂ ಗೊತ್ತಿತ್ತು, ಎಣ್ಣೆ ಇಲ್ಲದೆಯೂ ಕಪ್ಪಾಗುತ್ತದೆಂದೂ ಗೊತ್ತಿತ್ತು. ಅಂಬಾ ಇಷ್ಟು ವರ್ಷ ಅತ್ತೆಯನ್ನು ತಿಳಿಗೇಡಿ ಎಂದುಕೊಂಡು ದ್ವೇಷಿಸಿದ್ದಳು. ತಿಳಿದೂ ತಿಳಿದೂ ಮಾಡಿದ್ದಕ್ಕೆ ಎಷ್ಟು ದ್ವೇಷ ಬೇಕೋ ಅಷ್ಟೂ ಈಗ ಒಟ್ಟಿಗೆ ಉಕ್ಕಿ ಬಂತು. ಹೊರಡುವಾಗ ಬಗ್ಗಿ ನಮಸ್ಕಾರ ಮಾಡಿ, "ಮಾಮಾ, ಬರೋ ರವಿವಾರ ಕೂಸಿನ ಜವಳ, ಜೇಜುರಿಯೊಳಗ. ನಾನ ಗಾಡಿ ಕಳಸ್ತೀನಿ. ನೀವು ಬರಲಿಕ್ಕೇ ಬೇಕು. ಅತ್ತಿಗೆ ಮಾತ್ರ ಈಗ ಹೇಳಬ್ಯಾಡ್ರಿ, ಒಮ್ಮೆಲೆ ನೋಡಿ ಖುಷಿ ಆಗಲಿ" ಅಂದಳು.

ಆ ವಾರ ಮನೆಯ ಎರಡು ತಲೆಗಳೂ ಅವಳ ಕೈಯಲ್ಲಿದ್ದವು. ಅತ್ತೆಗೆ ಕೈಯೆತ್ತಲಾಗದು, ಹೀಗಾಗಿ ಆ ಪ್ರಸಿದ್ಧ ಎಣ್ಣೆಯನ್ನು ಹಚ್ಚುವುದು ಅಂಬಾಳ ಪಾಲಿಗೇ ಬಂದಿತ್ತು. ಹತ್ತಿಯಂಥ ಬಿಳಿ ಕೂದಲನ್ನು ಬೈತಲೆ ಬಿಡಿಸಿ ನೋಡಿದಳು. ಇಲ್ಲಿ ಕೆಂಚು ಇತ್ತು, ಇಲ್ಲೇ ಕಪ್ಪಾಯಿತು, ಇಲ್ಲೇ ಬೆಳ್ಳಗಾಯಿತು. ಮೂರೂ ಬಣ್ಣ ಉಂಡ ತಲೆ ಇದು.

"ಕೂಸಿಗೂ ಈ ಎಣ್ಣಿ ಹಚ್ಚಲಿಕ್ಕೆ ಹೇಳು ಹರ್ಷದಾಗ. ಬೀಗರು ಏನರ ಅಂದಾರು" ಅಂದರು ಗೋದಾಬಾಯಿ ಕಣ್ಣು ಮುಚ್ಚಿಕೊಂಡೇ.

"ಏನಂತಾರ್ರಿ ಅತ್ತಿ?"

"ಜನಾ ಏನರ ಅಂತಿರ್ತಾರ."

ಅಂಬಾಳ ಬೆರಳುಗಳು ಒಂದು ಗಳಿಗೆ ಬಿಗಿಯಾದವು. ಎಳೆಯಲಿಲ್ಲ. ಇಷ್ಟು ವರ್ಷ ಕಾದವಳಿಗೆ ರವಿವಾರ ದೂರವೇ?

ಶನಿವಾರ ಮಧುಕರನ ಸರದಿ. ಅರವತ್ತು ದಾಟಿದ ಗಂಡಸು ಬನಿಯನ್ನಿನಲ್ಲಿ ಸ್ಟೂಲಿನ ಮೇಲೆ ಕೂತು, ಹಳೆ ಟವೆಲ್ಲು ಹೊದ್ದು, ಕಪ್ಪು ಬಣ್ಣದ ಬಟ್ಟಲನ್ನು ಹೆಂಡತಿಯ ಕೈಗೆ ಕೊಟ್ಟ. "ಹಿಂದ ಸರಿಯಾಗಿ ಹಚ್ಚು, ಬೀಗರ ಮುಂದ ಬೆಳ್ಳಗ ಕಾಣಬಾರದು" ಅಂದ. ಕೂಸಿನ ತಲೆಯ ಬಣ್ಣ ನೋಡಿ ಹೆಂಡತಿಯ ನಡತೆ ಅಳೆದ ಮನುಷ್ಯ ತನ್ನ ತಲೆಗೆ ಡಬ್ಬಿಯ ಬಣ್ಣ ಬಳಿಸಿಕೊಳ್ಳುತ್ತಾನೆ! ಅಂಬಾ ತನ್ನ ತಲೆಗೆ ಎಂದೂ ಬಣ್ಣ ಮುಟ್ಟಿಸಿದವಳಲ್ಲ. ಅವನ ಹಿಂದಲೆಗೆ ಮಾತ್ರ ತುಂಬ ಚೆನ್ನಾಗಿ ಬಳಿದಳು.

ರವಿವಾರ ಜೇಜುರಿಯ ಧರ್ಮಶಾಲೆಯ ಪಡಸಾಲೆಯಲ್ಲಿ ಎರಡೂ ಕಡೆಯವರು ಸೇರಿದರು. ಖಡಕಿಯ ಹಳೇ ಹೆಂಗಸರನ್ನು ಅಂಬಾ ಒಬ್ಬೊಬ್ಬರನ್ನಾಗಿ ಫೋನ್ ಮಾಡಿ ಕರೆದಿದ್ದಳು. ಬಾಟಲಿಯಲ್ಲಿ ಎಣ್ಣೆ ಒಯ್ದವರು, ಆ ಮಾತಿಗೆ ಉಪ್ಪುಖಾರ ಹಚ್ಚಿ ಮನೆಮನೆಗೆ ಮುಟ್ಟಿಸಿದವರು, ಯಾರನ್ನೂ ಬಿಟ್ಟಿರಲಿಲ್ಲ. ಗುಡ್ಡದ ಮೇಲಿಂದ "ಯೇಳಕೋಟ" ಅಂತ ಭಕ್ತರ ಕೂಗು ಕೇಳುತ್ತಿತ್ತು. ಕ್ಷೌರಿಕ ಮಣೆ ಹಾಕಿ ಕತ್ತಿ ಮಸೆಯುತ್ತಿದ್ದ. ಓಂಕಾರನ ತಾಯಿ, ನಗುಮುಖದ ಹೆಂಗಸು, ಮೊಮ್ಮಗನ ಟೋಪಿ ತೆಗೆದು ಕೂದಲಲ್ಲಿ ಬೆರಳಾಡಿಸಿದಳು.

"ಹಾ ಕೋಣಾವರ ಗೇಲಾಯ್ ಹೋ?" ಅಂದಳು, ಇವನು ಯಾರನ್ನು ಹೋತಿದ್ದಾನಪ್ಪಾ ಎಂದು. ಅವಳ ದನಿಯಲ್ಲಿ ಕಲ್ಮಷವಿರಲಿಲ್ಲ, ಬರೀ ಮುದ್ದಿತ್ತು.

ಖಡಕಿಯ ಹೆಂಗಸರು ಮಾತ್ರ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಗೋದಾಬಾಯಿ ಕುರ್ಚಿಯಲ್ಲಿ ನೆಟ್ಟಗಾದರು. ಇಷ್ಟು ವರ್ಷವಾದರೂ ಆ ನಾಲಿಗೆ ತನ್ನ ಹಳೇ ದಾರಿ ಮರೆತಿರಲಿಲ್ಲ. "ಆಮಚ್ಯಾ ಘರಾತ ತರ..." ಅಂತ ಶುರುಮಾಡಿದರು, ನಮ್ಮ ಮನೆಯಲ್ಲಂತೂ ಎಂದು.

ಅಂಬಾ ನೋಡಿದ್ದು ಮಗಳ ಮುಖವನ್ನು. ಹರ್ಷದಾ ನಗುತ್ತ ನಿಂತಿದ್ದಳು, ಏನು ಬರಲಿದೆಯೆಂದು ಅವಳಿಗೆ ಗೊತ್ತೇ ಇರಲಿಲ್ಲ. ಅಂದು ತಾನೂ ಹೀಗೇ ನಗುತ್ತ ನಿಂತಿದ್ದು ನೆನಪಾಗಿ ಅಂಬಾಗೆ ಮೈ ಉರಿಯಿತು.

"ಅತ್ತಿ, ತಡೀರಿ" ಅಂದಳು ದೊಡ್ಡ ದನಿಯಲ್ಲಿ. ಬಾಗಿಲ ಹಿಂದಿನಿಂದ ಕೃಷ್ಣಾಜಿಯ ಕೈ ಹಿಡಿದು ಕರೆತಂದು ಗೋದಾಬಾಯಿಯ ಎದುರಿಗೇ ಕೂರಿಸಿದಳು. "ನಿಮ್ಮ ಅಣ್ಣ ಬಂದಾರ. ಕೂಸು ಯಾರಂಗ ಆಗ್ಯದ ಅಂತ ನೀವ ಹೇಳ್ತೀರೋ, ಮಾಮಾರ ಹೇಳಬೇಕೋ?"

ಗೋದಾಬಾಯಿ ಅಣ್ಣನನ್ನು ನೋಡಿದರು, ಆಮೇಲೆ ಸೊಸೆಯನ್ನು. ಸೊಸೆಗೆ ಗೊತ್ತಾಗಿದೆಯೆಂದು ಅವರಿಗೆ ಆಗಲೇ ತಿಳಿಯಿತು. ಎಂಬತ್ತು ದಾಟಿದ ಮುಖ ಸುಣ್ಣದ ಗೋಡೆಯಾಯಿತು. ಕೃಷ್ಣಾಜಿಗೆ ಏನೂ ತಿಳಿಯದು, ಕೂಸನ್ನು ನೋಡಿ ಬಾಯಿ ತುಂಬ ನಗುತ್ತ ಏನೋ ಹೇಳಲು ಹೊರಟಿದ್ದರು.

"ನನ್ನಂಗ" ಅಂದರು ಗೋದಾಬಾಯಿ.

"ಕೇಳಸಲಿಲ್ರಿ ಅತ್ತಿ. ಅಲ್ಲೆ ಹಿಂದ ಕೂತವರಿಗೂ ಕೇಳಸಲಿ."

"ನನ್ನಂಗ! ಸಣ್ಣಾಕಿದ್ದಾಗ ನಾನೂ ಕೆಂಚಿನ ಇದ್ದೆ!"

"ಹೌದ ಹೌದ, ಕೆಂಚಿ!" ಅಂತ ಕೃಷ್ಣಾಜಿ ಚಪ್ಪಾಳೆ ತಟ್ಟಿದರು.

"ಮತ್ತ ನನ್ನ ಮಗಳು?"

"ಆಕೀನೂ ನನ್ನಂಗ."

"ನಿಮ್ಮ ಎಣ್ಣಿ?"

ಗೋದಾಬಾಯಿ ತಲೆಯಾಡಿಸಿದರು. "ತಾನ ಕಪ್ಪ ಆತು. ನಂದೂ ತಾನ ಆಗಿತ್ತು."

ಖಡಕಿಯ ಹೆಂಗಸರಲ್ಲಿ ಒಬ್ಬಳು ಸೆರಗು ಬಾಯಿಗೆ ಒತ್ತಿಕೊಂಡಳು. ಇನ್ನೊಬ್ಬಳು, "ಮತ್ತ ಆವತ್ತ ಯಾಕ ಹಂಗಂದ್ರಿ ನೀವು?" ಅಂತ ಕೇಳಿಯೇಬಿಟ್ಟಳು. ಹಿಂದೆ ಆ ಮಾತನ್ನು ಎಲ್ಲರಿಗಿಂತ ಹೆಚ್ಚು ಹಂಚಿದವಳೇ ಅವಳು. ಗೋದಾಬಾಯಿ ಸೊಸೆಯ ಕಡೆ ಮಾತ್ರ ನೋಡಿ ಮೆಲ್ಲಗೆ ಅಂದರು: "ಅದು ಯಾರಂಗ ಅಂತ ಜನಾ ಹುಡಕ್ಯಾಡಿದ್ರ ನನ್ನದು ಹೊರಗ ಬೀಳ್ತಿತ್ತು. ಕೆಂಚಿ ಅಂತ ಊರ ಮಂದಿ ಕಲ್ಲ ಹೊಗೀತಿದ್ರು ನನಗ. ಹೆದರಿದ್ದೆ ಅಂಬಾ."

ಅತ್ತೆಯ ಕಣ್ಣಲ್ಲಿ ನೀರಿತ್ತು. ಅಂಬಾಗೆ ಕರುಣೆ ಬರಲಿಲ್ಲ. ಬರಬೇಕಿತ್ತೇನೋ, ಬರಲಿಲ್ಲ. "ನೀವು ಹೆದರಿದ್ರಿ. ಬಾಳೇವು ಕಳಕೊಂಡಾಕಿ ನಾನು" ಅಂದಳು.

ಓಂಕಾರನ ತಾಯಿಗೆ ಕನ್ನಡ ತಿಳಿಯದು. ಯಾರೋ ಮರಾಠಿಯಲ್ಲಿ, ಇವನು ಮುತ್ತಜ್ಜಿಯನ್ನು ಹೋತಿದ್ದಾನಂತೆ ಎಂದು ಹೇಳಿದರು. ಆ ಹೆಂಗಸು ಸಂತೋಷದಿಂದ ಗೋದಾಬಾಯಿಯ ಕಾಲು ಮುಟ್ಟಿದಳು. ಮುದುಕಿ ಕಾಲು ಹಿಂದಕ್ಕೆಳೆದುಕೊಂಡರು.

"ಮಾಮಾ ಕೋಣ? ಬಸಾ" ಎಂದು ಕೂಗಿದ ಕ್ಷೌರಿಕ, ಮಾವ ಯಾರು, ಬಂದು ಕೂತುಕೊಳ್ಳಿ ಎಂದು. ಜವಳ ತೆಗೆಯುವಾಗ ಕೂಸು ಸೋದರಮಾವನ ತೊಡೆಯ ಮೇಲೆ ಕೂರಬೇಕು. ಹರ್ಷದಾಳಿಗೆ ಅಣ್ಣ ತಮ್ಮಂದಿರಿಲ್ಲ, ಆ ಜಾಗದಲ್ಲಿ ಅಜ್ಜ ಕೂರುವುದೆಂದು ಮೊದಲೇ ಮಾತಾಗಿತ್ತು. ಮಧುಕರ ಎಲ್ಲವನ್ನೂ ಕೇಳಿಸಿಕೊಂಡು ಕಂಬದ ಹಾಗೆ ನಿಂತಿದ್ದ. ಈಗ ಬಿಡುಗಡೆ ಸಿಕ್ಕವನಂತೆ ಮುಂದೆ ಬಂದ. ಅಂಬಾಳ ಹತ್ತಿರ ಬಂದಾಗ, "ನನಗ ಗೊತ್ತಿರಲಿಲ್ಲಲ್ಲ" ಅಂತ ಗೊಣಗಿದ.

"ನನ್ನ ತಪ್ಪಿಲ್ಲ ಅಂತ ನನಗ ಗೊತ್ತಿತ್ತಲ್ಲ. ನನ್ನ ಕೇಳಿದ್ರೇನು?"

 ಅವನು ಮಣೆಯ ಮೇಲೆ ಕೂತು, ಮಗಳ ಕಡೆ ಕೈ ಚಾಚಿದ. ಹರ್ಷದಾ ಕೂಸನ್ನು ಕೊಡಲು ಬಗ್ಗಿದಳು. ಅಂಬಾ ನಡುವೆ ಕೈ ಅಡ್ಡ ಹಿಡಿದಳು.

"ಈಗ ಬ್ಯಾಡ್ರಿ" ಅಂದಳು ಗಂಡನಿಗೆ. "ಕೂಸಿನ ಕೂದಲ ಕಪ್ಪಾಗಲಿ. ಆಮ್ಯಾಲ ಎತ್ಕೊಳ್ಳೀರಂತ."

 ಹರ್ಷದಾ ಬಗ್ಗಿದವಳು ಹಾಗೇ ಅಪ್ಪನ ಮುಖ ನೋಡಿದಳು. 

"ನಾ ಸಣ್ಣಾಕಿದ್ದಾಗ, ಅಪ್ಪಗ ಬೆನ್ನ ನೋವು, ಎತ್ಕೋಳಿಕ್ಕೆ ಆಗೂದಿಲ್ಲ ಅಂತಿದ್ಲು ಅವ್ವ" ಅಂದಳು ಸಣ್ಣ ದನಿಯಲ್ಲಿ. "ಬೆನ್ನ ನೋವು ಇರಲಿಲ್ಲೇನಪ್ಪಾ?"

ಮಧುಕರ ನೆಲ ನೋಡಿದ. ಹರ್ಷದಾ ತಾಯಿಯ ಕಡೆಯೂ ತಿರುಗಿ ನೋಡಿದಳು. ಆ ನೋಟ ಅಂಬಾಗೆ ತಾಕಿತು. ಸುಳ್ಳು ಹೇಳಿ ಬೆಳೆಸಿದ್ದು ತಾನೇ ಅಲ್ಲವೇ? ಆದರೂ ಅಡ್ಡ ಹಿಡಿದ ಕೈಯನ್ನು ಅವಳು ತೆಗೆಯಲಿಲ್ಲ. ಹರ್ಷದಾ ಕೂಸನ್ನು ಎದೆಗವಚಿಕೊಂಡು, "ಮಣಿ ಬಿಡ್ರಿ" ಅಂದಳು ಅಪ್ಪನಿಗೆ, ಹೊರಗಿನವರಿಗೆ ಹೇಳುವ ಹಾಗೆ. ಅವನು ಎದ್ದ ಮೇಲೆ ತಾನೇ ಕೂತು ಮಗನ ತಲೆಯನ್ನು ಕ್ಷೌರಿಕನತ್ತ ತಿರುಗಿಸಿದಳು. ಮಧುಕರನ ಕೈಗಳು ಇನ್ನೂ ಚಾಚಿಯೇ ಇದ್ದವು, ಯಾರೂ ಅವಕ್ಕೆ ಏನನ್ನೂ ಕೊಡಲಿಲ್ಲ.